ಅಜ್ಜಿ ‘ಖಂಡಿತ’ ಎಂದರೆ

ತೆಂಗಿನಕಾಯಿಯನ್ನು ನಾವು ಕಿವಿಯಿಂದ ನೋಡುತ್ತಿದ್ದ ಕಾಲ ಅದು. ಅರಸೀಕೆರೆಗೆ ಎರಡು ಹರದಾರಿ ದೂರದ ನಮ್ಮೂರಿನಲ್ಲಿ ಮನೆಮನೆಗೂ ಅಟ್ಟವಿತ್ತು, ಅಟ್ಟದ ತುಂಬ ಸುಲಿಯದ ಕಾಯಿ. ಕೆಳಗೆ ಒಲೆಯ ಹೊಗೆ, ಮೇಲೆ ಹೆಂಚಿನ ಕಾವು. ಇವೆರಡರ ನಡುವೆ ಕಾಯಿ ಹನ್ನೊಂದು ತಿಂಗಳೋ ವರ್ಷವೋ ಸುಮ್ಮನೆ ಬಿದ್ದಿರುತ್ತಿತ್ತು. ಒಳಗಿನ ನೀರು ತಾನಾಗಿ ಆರಬೇಕು, ತಿರುಳು ಚಿಪ್ಪನ್ನು ಬಿಟ್ಟು ಉಂಡೆಯಾಗಬೇಕು. ಆ ಇಡೀ ಉಂಡೆ ಕೊಬ್ಬರಿಗೆ ನಮ್ಮ ಕಡೆ ಗಿಟುಕು ಎನ್ನುತ್ತಾರೆ.

ಗಿಟುಕು ಆಯಿತೋ ಇಲ್ಲವೋ ಎಂದು ಹೊರಗಿನಿಂದ ಕಾಣುವುದಿಲ್ಲ. ಕಾಯಿಯನ್ನು ಕಿವಿಯ ಹತ್ತಿರ ಹಿಡಿದು ಅಲ್ಲಾಡಿಸಬೇಕು. ಗುಳುಗುಳು ಎಂದರೆ ಇನ್ನೂ ನೀರಿದೆ. ಏನೂ ಸದ್ದಿಲ್ಲದಿದ್ದರೆ ನೀರು ಆರಿದೆ, ತಿರುಳು ಚಿಪ್ಪು ಬಿಟ್ಟಿಲ್ಲ. ಲೊಟಲೊಟ ಎಂದು ಒಣ ಸದ್ದು ಬಂದರೆ ಆಯಿತು. ಕಷ್ಟವಿದ್ದದ್ದು ಈ ಎರಡನೆಯದಕ್ಕೂ ಮೂರನೆಯದಕ್ಕೂ ನಡುವೆ. ಒಂದು ಮಗ್ಗುಲು ಬಿಟ್ಟು ಇನ್ನೊಂದು ಮಗ್ಗುಲು ಅಂಟಿಕೊಂಡಿದ್ದ ಕಾಯಿ ಮಂದವಾಗಿ, ಬಟ್ಟೆ ಸುತ್ತಿದ ಕಲ್ಲಿನಂತೆ ಸದ್ದು ಮಾಡುತ್ತಿತ್ತು. ಅಂಥದನ್ನು ಆಸೆಪಟ್ಟು ಸುಲಿದು ಒಡೆದರೆ ಹೊರಗೆ ಚೆನ್ನಾಗಿಯೇ ಕಾಣುವ ಗಿಟುಕು ಒಳಗೊಳಗೇ ಬೂಸಲು ಬಂದು ಕಪ್ಪಾಗುತ್ತಿತ್ತು. ಸುಲಿದ ಕಾಯಿಯನ್ನು ಮತ್ತೆ ಅಟ್ಟಕ್ಕೆ ಹಾಕುವಂತಿಲ್ಲ.

ಹಾಗಾಗಿ ನಮ್ಮೂರಿನಲ್ಲಿ ಕಾಯಿ ಕೇಳುವವರ ಬಾಯಿಂದ ಒಂದು ಮಾತು ಬರುವವರೆಗೆ ಯಾರೂ ಸುಲಿಯುವ ಹಾರೆಗೆ ಕಾಯಿ ಚುಚ್ಚುತ್ತಿರಲಿಲ್ಲ. ಆ ಮಾತು ‘ಖಂಡಿತ’. ಕೇಳುವವಳು ನಮ್ಮ ಅಜ್ಜಿ ಸಿದ್ದಮ್ಮ.

ಗಂಡಸರೇ ಮಾಡುತ್ತಿದ್ದ ಕೆಲಸ ಅದು. ಅಜ್ಜಿಗೆ ಹೇಗೆ ಬಂತೆಂದು ನನಗೆ ಗೊತ್ತಿಲ್ಲ. ಅಜ್ಜ ತೀರಿಕೊಂಡ ಮೇಲೆ ಅಟ್ಟ ನೋಡಿಕೊಳ್ಳುತ್ತ ಕಲಿತಳು ಎಂದು ಅವ್ವ ಹೇಳುತ್ತಿದ್ದಳು. ಹುಟ್ಟಿದ ಮನೆಯಿಂದಲೇ ಕಲಿತು ಬಂದಿದ್ದಳು ಎಂದು ನನ್ನಣ್ಣ ಶಿವಣ್ಣ ಈಗಲೂ ವಾದಿಸುತ್ತಾನೆ. ಏನಾದರಾಗಲಿ, ನನಗೆ ಬುದ್ಧಿ ತಿಳಿಯುವ ಹೊತ್ತಿಗೆ ಊರಿನ ಅರ್ಧ ಮನೆಗಳವರು “ಸಿದ್ದಮ್ನೋರೆ, ಒಂದ್ಗಳಿಗೆ ಬಂದು ಕಾಯಿ ಕೇಳಿ ಹೋಗ್ರಿ” ಎಂದು ಬಾಗಿಲಿಗೆ ಬರುತ್ತಿದ್ದರು. ಅಜ್ಜಿ ಹೋಗುತ್ತಿದ್ದಳು, ಒಂದೊಂದೇ ಕಾಯಿಯನ್ನು ಎಡಗಿವಿಗೆ ಹಿಡಿದು ಅಲ್ಲಾಡಿಸಿ “ಇನ್ನೂ ಇಲ್ಲ” ಅಥವಾ “ಖಂಡಿತ” ಎನ್ನುತ್ತಿದ್ದಳು. ಮೂರನೆಯ ಮಾತಿಲ್ಲ. ಅನುಮಾನ ಬಂದದ್ದೆಲ್ಲ “ಇನ್ನೂ ಇಲ್ಲ”ದ ರಾಶಿಗೆ.

ಮನೆಯಲ್ಲಿ ಆ ಪದವನ್ನು ಬೇರೆ ಯಾವುದಕ್ಕೂ ಬಳಸಲು ಅಜ್ಜಿ ಬಿಡುತ್ತಿರಲಿಲ್ಲ. ಅಪ್ಪಯ್ಯ ಒಮ್ಮೆ ಆಕಾಶ ನೋಡಿ, “ಇವತ್ತು ಮಳೆ ಖಂಡಿತ ಕಣವ್ವ” ಎಂದರು.

“ಮೋಡ ಅಲ್ಲಾಡ್ಸಿ ನೋಡ್ದೇನೋ?” ಎಂದಳು ಅಜ್ಜಿ.

ನಾಳೆ ಖಂಡಿತ ಬತ್ತೀನಿ ಎಂದು ಹೊರಟ ನೆಂಟರಿಗೂ ಬಿಡುತ್ತಿರಲಿಲ್ಲ. “ಬದುಕಿದ್ರೆ ಬತ್ತೀನಿ ಅನ್ರಪ್ಪ, ಸಾಕು.” ನಮಗೆ ಉಳಿದಿದ್ದ ಪದಗಳು ಇರಬೇಕು, ಇರಬೌದು, ಕಾಣೆ. ಇವುಗಳಲ್ಲೇ ನಾವು ಬದುಕಿದೆವು, ಏನೂ ಕೊರತೆಯಾಗಲಿಲ್ಲ. ಮುಂದೆ ಕಾಲೇಜಿನಲ್ಲಿ ನಿಘಂಟು ತೆರೆದು ಆ ಪದದ ಮೂಲ, ಅರ್ಥಗಳನ್ನು ನೋಡಿದೆ. ಯಾವುದೂ ತಪ್ಪಾಗಿರಲಿಲ್ಲ. ಆದರೆ ಆ ಪದವನ್ನು ಯಾರು, ಎಷ್ಟು ಕೇಳಿದ ಮೇಲೆ ಆಡಬಹುದು ಎಂಬುದು ಅಲ್ಲಿ ಇರಲಿಲ್ಲ.

ನನಗೆ ಹತ್ತು ವರ್ಷವಿರಬೇಕು. ಯುದ್ಧದ ಕಾಲ. ಸೀಮೆಎಣ್ಣೆ ಸಿಗುತ್ತಿರಲಿಲ್ಲ, ಬಸ್ಸುಗಳು ಹಿಂದೆ ಇದ್ದಿಲಿನ ಒಲೆ ಕಟ್ಟಿಕೊಂಡು ಓಡುತ್ತಿದ್ದವು. ಆ ಬೇಸಿಗೆಯ ಒಂದು ಮಧ್ಯಾಹ್ನ ಅಜ್ಜಿ ನಮ್ಮ ಅಟ್ಟದಲ್ಲಿ ಕಾಯಿ ಕೇಳುತ್ತಿದ್ದಳು, ನಾನು ಗೋಡೆಗೆ ಒರಗಿ ಚಿಪ್ಪಿನ ಚೂರುಗಳಲ್ಲಿ ಆಡುತ್ತಿದ್ದೆ. ಅಜ್ಜಿ ಒಂದು ಕಾಯಿ ಅಲ್ಲಾಡಿಸಿದಳು. ಗುಳುಗುಳು ಸದ್ದು ನಾನು ಕೂತಲ್ಲಿಗೇ ಕೇಳಿಸಿತು. ಅವಳು ಮತ್ತೆ ಅಲ್ಲಾಡಿಸಿದಳು, ಮತ್ತೆ. ಆಮೇಲೆ ಕಿವಿ ಬದಲಾಯಿಸಿದಳು.

“ನೀರೈತಲ್ಲಜ್ಜಿ” ಎಂದೆ.

ಅವಳು ತಿರುಗಲಿಲ್ಲ. ನಾನು ಎದುರಿಗೆ ಹೋಗಿ ಮತ್ತೆ ಹೇಳಿದೆ. ನನ್ನ ಬಾಯಿಯನ್ನೇ ನೋಡಿದಳು.

“ಕಿವೀಲಿ ಧೂಳು ಕೂತೈತೆ ಕಣ್ ಮಗ” ಎಂದಳು. “ನಾಳೆಯಿಂದ ನನ್ನ ಜೊತೇಲೇ ಬಾ. ಕಾಯಿ ಎತ್ತಿಕೊಡೀಯಂತೆ.”

ಅಷ್ಟೇ ನಮ್ಮ ಒಪ್ಪಂದ. ಕೇಳಿದವರಿಗೆ “ಮೊಮ್ಮಗಳಿಗೆ ಕಲಿಸ್ತಿದೀನಿ” ಎನ್ನುತ್ತಿದ್ದಳು. ಅವಳು ಕಾಯಿಯನ್ನು ನನ್ನ ತಲೆಯ ಪಕ್ಕಕ್ಕೆ ಬರುವಂತೆ ಹಿಡಿದು ಅಲ್ಲಾಡಿಸುತ್ತಿದ್ದಳು, ನನ್ನ ಕೈ ಅವಳ ಸೆರಗಿನ ಮರೆಯಲ್ಲಿ ಅವಳ ಎಡಗೈ ಹಿಡಿದಿರುತ್ತಿತ್ತು. ಎರಡು ಸಲ ಒತ್ತಿದರೆ ಆಯಿತು ಎಂದು. ಒತ್ತದಿದ್ದರೆ ಇನ್ನೂ ಇಲ್ಲ. ಸಿದ್ದಮ್ಮನಿಗೆ ಕಿವಿ ಮಂದವಾಗಿದೆ ಎಂದು ಯಾರಿಗೂ ಹೊಳೆಯಲಿಲ್ಲ. ಎದುರು ನಿಂತು ಆಡಿದ ಮಾತು ಅವಳಿಗೆ ತುಟಿಯಿಂದ ತಿಳಿಯುತ್ತಿತ್ತು, ಹಿಂದಿನಿಂದ ಕರೆದದ್ದಕ್ಕೆ ಓಗೊಡದಿದ್ದರೆ ಶಿವಧ್ಯಾನದಲ್ಲಿದ್ದಾಳೆ ಎಂದುಕೊಳ್ಳುತ್ತಿದ್ದರು. ನನ್ನ ಕಿವಿಯೂ ಚೆನ್ನಾಗಿತ್ತು. ಒಂದು ವರ್ಷದಲ್ಲಿ ಒಂದು ಗಿಟುಕೂ ಕೆಡಲಿಲ್ಲ. ಇದನ್ನು ಬರೆಯುವಾಗ ಸ್ವಲ್ಪ ಹೆಮ್ಮೆಯಾಗುತ್ತದೆ, ಹಾಗಾಗಿ ಒಂದೆರಡು ಕೆಟ್ಟಿರಲೂಬಹುದು ಎಂದು ಸೇರಿಸುತ್ತೇನೆ.

ಮುಂದಿನ ವರ್ಷ ಪಕ್ಕದ ಮನೆಯ ರುದ್ರಣ್ಣ ಮಾವನ ಮಗಳು ಪಾರ್ವತಕ್ಕನಿಗೆ ಮದುವೆ ನಿಶ್ಚಯವಾಯಿತು. ಗಂಡು ಹಳೇಬೀಡಿನ ಪಕ್ಕದ ಬಸ್ತಿಹಳ್ಳಿಯವನು. ಅವನ ಅಜ್ಜ ಹಾಸಿಗೆ ಹಿಡಿದಿದ್ದರಿಂದ, ಅವರ ಕಣ್ಣೆದುರಿಗೇ ಆಗಿಹೋಗಲಿ ಎಂದು ಮದುವೆಯನ್ನು ಎರಡು ತಿಂಗಳು ಮೊದಲೇ ಇಟ್ಟುಕೊಂಡರು. ತೊಡಕಾದದ್ದು ಅಲ್ಲಿ. ನಮ್ಮಲ್ಲಿ ಹೆಣ್ಣನ್ನು ಕಳುಹಿಸುವಾಗ ಮಡಿಲಕ್ಕಿಯ ಜೊತೆ ಐದು ಗಿಟುಕು ಕಟ್ಟುತ್ತಾರೆ. ಅದು ಹುಟ್ಟಿದ ಮನೆಯ ಮರದ್ದೇ ಆಗಬೇಕು, ಇನ್ನೊಬ್ಬರ ಅಟ್ಟದಿಂದ ತರುವಂತಿಲ್ಲ. ಮಡಿಲಕ್ಕಿಯನ್ನು ಗಂಡಿನ ಮನೆಯಲ್ಲಿ ಮೂರನೇ ದಿನ ಪಾಯಸ ಮಾಡುತ್ತಾರೆ, ಆ ಕೊಬ್ಬರಿಯನ್ನೇ ಹೆಚ್ಚಿ ಹಾಕುತ್ತಾರೆ. ರುದ್ರಣ್ಣ ಮಾವನ ಹಳೆಯ ಕೊಬ್ಬರಿಯೆಲ್ಲ ಅರಸೀಕೆರೆಗೆ ಹೋಗಿಯಾಗಿತ್ತು. ಅಟ್ಟದ ಮೇಲೆ ಇದ್ದದ್ದು ಒಂಬತ್ತು ತಿಂಗಳ ಕಾಯಿ.

“ಐದು ಸಿಕ್ಕಿದ್ರೆ ಸಾಕು ದೊಡ್ಡವ್ವ” ಎಂದರು ರುದ್ರಣ್ಣ ಮಾವ. “ಬಿಸಿಲು ಜಾಸ್ತಿ ಬಿದ್ದಿರೋ ಮೂಲೇಲಿ ಆಗಿದ್ರೂ ಆಗಿರಬೌದು.”

ನಾವು ಬೆಳಗ್ಗೆಯೇ ಏಣಿ ಹತ್ತಿದೆವು. ಕೆಳಗೆ ಒಬ್ಬಟ್ಟಿಗೆ ಹೂರಣ ರುಬ್ಬುತ್ತಿದ್ದರು. ಬೇಯುವ ಬೇಳೆ, ಬೆಲ್ಲ, ಏಲಕ್ಕಿ ಎಲ್ಲದರ ವಾಸನೆ ಹೊಗೆಯ ಜೊತೆ ಮೇಲಕ್ಕೆ ಬರುತ್ತಿತ್ತು. ಪಾರ್ವತಕ್ಕ ಅರಿಶಿನ ಹಚ್ಚಿದ ಕೈಯಲ್ಲಿ ಏಣಿಯ ಬುಡದಲ್ಲಿ ಮೊರ ಹಿಡಿದು ನಿಂತಿದ್ದಳು. ಮೂಲೆಯಿಂದ ಮೂಲೆಗೆ ನೋಡಿ ಮಧ್ಯಾಹ್ನದ ಹೊತ್ತಿಗೆ ನಾಲ್ಕು ಸಿಕ್ಕವು. ನಾಲ್ಕೂ ಚೊಕ್ಕವಾಗಿ ಲೊಟಲೊಟ ಎಂದವು. ಐದನೆಯದು ಸಿಗಲಿಲ್ಲ. ನನಗೆ ಹಸಿವು, ಕಿವಿಯಲ್ಲಿ ನಾರು, ಕತ್ತಿನಲ್ಲಿ ತುರಿಕೆ.

“ಏನೇ, ಅಜ್ಜಿ ಮೊಮ್ಮಗಳು ಅಟ್ಟದಲ್ಲೇ ಸಂಸಾರ ಹೂಡಿದ್ರಾ?” ಎಂದು ಪಾರ್ವತಕ್ಕ ಕೆಳಗಿನಿಂದ ಕೂಗಿದಳು. “ಬಸ್ತಿಹಳ್ಳಿಯೋರು ನನ್ನ ಬಿಟ್ಟು ಹೋಗ್ತಾರೆ ಕಣೇ ಗೌರಿ, ಬೇಗ ಕೊಡ್ರೇ.”

ಆಗ ಅಜ್ಜಿ ಒಂದು ಕಾಯಿ ಅಲ್ಲಾಡಿಸಿದಳು. ಸದ್ದು ಬಂತು. ಆದರೆ ಒಣ ಸದ್ದಲ್ಲ. ಬಟ್ಟೆ ಸುತ್ತಿದ ಕಲ್ಲಿನ ಸದ್ದು. ನಾನು ಅವಳ ಕೈಯನ್ನು ಎರಡು ಸಲ ಒತ್ತಿದೆ.

ಅಜ್ಜಿ ಕೂಡಲೇ ‘ಖಂಡಿತ’ ಎನ್ನಲಿಲ್ಲ. ಕಾಯಿಯನ್ನು ಅಂಗೈಯಲ್ಲಿ ತೂಗಿದಳು, ಮತ್ತೆ ಅಲ್ಲಾಡಿಸಿ ಕೈಗೆ ಏನು ತಾಗುತ್ತದೆ ಎಂದು ನೋಡಿದಳು. ನಂತರ ಮುಖವನ್ನು ನನ್ನ ಮುಖದ ಹತ್ತಿರ ತಂದು, ತುಟಿಯಲ್ಲೇ ಕೇಳಿದಳು: “ಖಂಡಿತವೇನೇ?”

“ಖಂಡಿತ ಅಜ್ಜಿ” ಎಂದೆ.

ಆ ಪದವನ್ನು ನಾನು ಒಂದು ಕಾಯಿಗೆ ಬಳಸಿದ್ದು ಅದೇ ಮೊದಲು. ಅಜ್ಜಿ ಏಣಿಯ ಕಡೆ ಬಗ್ಗಿ “ಖಂಡಿತ” ಎಂದು ಕಾಯಿಯನ್ನು ಪಾರ್ವತಕ್ಕನ ಮೊರಕ್ಕೆ ಇಳಿಸಿದಳು. ನಾನು ಒಬ್ಬಟ್ಟು ತಿನ್ನಲು ಓಡಿದೆ. ತುಪ್ಪ ಹಾಕಿದ್ದರೋ ಹಾಲು ಹಾಕಿದ್ದರೋ ನೆನಪಿಲ್ಲ. ಎರಡು ತಿಂದೆ.

ಮದುವೆಯಾಯಿತು. ಹದಿನೈದು ದಿನಕ್ಕೆ ಪಾರ್ವತಕ್ಕ ವಾಪಸು ಬಂದಳು. ಮೊದಲು ನಮಗೆ ತವರಿಗೆ ಕರೆತಂದಿದ್ದಾರೆ ಎಂದೇ ಹೇಳಿದರು. ಆದರೆ ಅವಳ ಟ್ರಂಕೂ ಬಂದಿತ್ತು, ಗಂಡ ಬಂದಿರಲಿಲ್ಲ. ಎರಡು ದಿನದಲ್ಲಿ ಬಾವಿಕಟ್ಟೆಗೆ ಎಲ್ಲ ತಿಳಿಯಿತು. ಪಾಯಸದ ದಿನ ಐದನೇ ಗಿಟುಕು ಹೆಚ್ಚಿದಾಗ ಒಳಗೆಲ್ಲ ಕಪ್ಪಗೆ ಕೊಳೆತಿತ್ತು, ಅಡುಗೆಮನೆ ತುಂಬ ನಾತ. ಅದಾದ ವಾರಕ್ಕೆ ಹಾಸಿಗೆ ಹಿಡಿದಿದ್ದ ಆ ಅಜ್ಜ ಹೋದರು. ಕೊಳೆತ ಮಡಿಲು ಹೊತ್ತು ಬಂದವಳು ಎಂದು ಅತ್ತೆ ಅವಳನ್ನು ಕಳುಹಿಸಿಬಿಟ್ಟಿದ್ದರು. ತಿರುಗಿ ಕರೆಸುವ ಮಾತೇ ಇರಲಿಲ್ಲ. ಪಾರ್ವತಕ್ಕ ಹಿತ್ತಲ ಬಾಗಿಲಿನಿಂದ ಈಚೆಗೆ ಬರುವುದನ್ನು ನಿಲ್ಲಿಸಿದಳು. ನಾನು ಅವರ ಮನೆಯ ಮುಂದೆ ಕುಂಟೆಬಿಲ್ಲೆ ಆಡುವುದನ್ನು ನಿಲ್ಲಿಸಿದೆ.

ನಾನು ಯಾರಿಗೂ ಏನೂ ಹೇಳಲಿಲ್ಲ. ಹೇಳಬೇಕೆಂದು ಅಜ್ಜಿಯ ಹಿಂದೆ ಹಿಂದೆ ತಿರುಗಿದೆ ಎಂದು ನೆನಪಿದೆ. ಇದನ್ನು ನಾನು ಪೂರ್ತಿ ನಂಬುವುದಿಲ್ಲ. ಆಮೇಲೆ ನನ್ನ ಬಗ್ಗೆ ನನಗೇ ಒಳ್ಳೆಯ ಅಭಿಪ್ರಾಯ ಬರಲೆಂದು ಮನಸ್ಸು ಕಟ್ಟಿಕೊಂಡದ್ದಿರಬಹುದು. ನಾನು ದಿನಚರಿ ಬರೆಯತೊಡಗಿದ್ದು ಹದಿನೆಂಟನೇ ವಯಸ್ಸಿನಲ್ಲಿ. ಅದಕ್ಕೆ ಮುಂಚಿನದಕ್ಕೆ ಸಾಕ್ಷಿಯಿಲ್ಲ.

ತಿಂಗಳು ಕಳೆದ ಮೇಲೆ ಅಜ್ಜಿ ರುದ್ರಣ್ಣ ಮಾವನಿಗೆ, “ನಡಿಯಪ್ಪ, ಮಗಳ ಟ್ರಂಕು ಎತ್ತು. ನಾನೂ ಬತ್ತೀನಿ” ಎಂದಳು. ಇದ್ದಿಲಿನ ಬಸ್ಸಿನಲ್ಲಿ ನಾನೂ ಸೇರಿ ನಾಲ್ವರು ಹೋದೆವು. ಏರು ಬಂದಲ್ಲೆಲ್ಲ ಇಳಿದು ನಡೆದೆವು. ಹಳೇಬೀಡಿನಲ್ಲಿ ಇಳಿದು ಬಸ್ತಿಹಳ್ಳಿಗೆ ಕಾಲುನಡಿಗೆ. ಅಲ್ಲಿಯ ಬಸದಿಯೊಳಗೆ ಬಿಸಿಲು ತಾಳದೆ ಸ್ವಲ್ಪ ಹೊತ್ತು ಕೂತೆವು. ನಯ ಮಾಡಿದ ಕಂಬದಲ್ಲಿ ನನ್ನ ಮುಖ ಉದ್ದವಾಗಿ ಕಾಣುತ್ತಿತ್ತು, ಹಿಂದೆ ಪಾರ್ವತಕ್ಕನ ಹಸಿರು ಸೀರೆ.

ಬೀಗರ ಮನೆಯ ಜಗುಲಿಯಲ್ಲಿ ಪಾರ್ವತಕ್ಕನ ಅತ್ತೆ ಕಾಳು ಹಸನು ಮಾಡುತ್ತಿದ್ದರು, ಪಕ್ಕದಲ್ಲಿ ನೆರೆಯ ಹೆಂಗಸರಿಬ್ಬರು. ಗಂಡ ಕೊಟ್ಟಿಗೆಯ ಬಾಗಿಲಲ್ಲಿ ನಿಂತು ನೋಡಿದ, ಈಚೆ ಬರಲಿಲ್ಲ.

“ಕಾಯಿ ಕೇಳಿದೋಳು ನಾನು” ಎಂದಳು ಅಜ್ಜಿ. “ತಪ್ಪು ನಂದು. ಹುಡುಗೀದಲ್ಲ.”

ಅತ್ತೆ ಮೊರ ಕೆಳಗಿಡಲಿಲ್ಲ. “ನಿಮ್ಮ ಹೆಸರು ಕೇಳಿದೀನಿ ಕಣವ್ವ. ಸಿದ್ದಮ್ನೋರು ಖಂಡಿತ ಅಂದ್ರೆ ಮುಗೀತು, ಆ ಕಿವಿ ತಪ್ಪಾಕಿಲ್ಲ ಅಂತ ಮದುವೇಲಿ ನಿಮ್ಮೂರೋರೇ ಹೇಳ್ಕೊಂಡು ತಿರುಗ್ತಿದ್ರು. ಅಂದ್ಮೇಲೆ ಕಾಯಿ ಅಟ್ಟದಲ್ಲಿ ಚೆನ್ನಾಗೇ ಇತ್ತು. ಇವಳ ಮಡಿಲಿಗೆ ಬಿದ್ಮೇಲೆ ಕೆಡ್ತು. ಹೌದೋ ಅಲ್ವೋ, ನೀವೇ ಹೇಳಿ.”

  ನನಗೆ ಆಗ ಅರ್ಥವಾಯಿತು. ಅಜ್ಜಿಯ ಮಾತು ಸುಳ್ಳಾಗುವುದಿಲ್ಲ ಎಂದು ಎಲ್ಲರೂ ನಂಬಿರುವವರೆಗೆ ಪಾರ್ವತಕ್ಕನಿಗೆ ಈ ಮನೆಯಿಲ್ಲ.

“ನಿಮ್ಮ ಅಟ್ಟದಿಂದ ಒಂದು ಕಾಯಿ ಕೊಡ್ಸವ್ವ. ಯಾವುದಾದ್ರೂ ಸರಿ” ಎಂದಳು ಅಜ್ಜಿ.

ತಂದುಕೊಟ್ಟರು. ಅಜ್ಜಿ ಅದನ್ನು ಎಡಗಿವಿಗೆ ಹಿಡಿದು ಎಲ್ಲರೆದುರು ಅಲ್ಲಾಡಿಸಿದಳು. ಗುಳುಗುಳು ಎಂದಿತು. ಅಂಗಳದಾಚೆಯ ಎತ್ತಿಗೂ ಕೇಳಿಸಿರಬೇಕು.

“ನೀರೈತಾ?”

“ಐತಲ್ಲವ್ವ, ಅದೇನ್ ಕೇಳೋದು, ಇಲ್ಲಿಗೇ ಕೇಳುಸ್ತೈತೆ” ಎಂದರು ಅತ್ತೆ.

“ನಂಗೆ ಕೇಳ್ಸಾಕಿಲ್ಲ” ಎಂದಳು ಅಜ್ಜಿ. “ಒಂದು ವರ್ಷದ ಮ್ಯಾಲಾತು. ನಂಗೆ ಕಿವಿ ಇಲ್ಲ. ಯಾರಿಗೂ ಹೇಳ್ಲಿಲ್ಲ, ಕರೀತಾರಲ್ಲ ಅನ್ನೋ ಆಸೇಗೆ ಹೋಗ್ತಿದ್ದೆ. ಅವತ್ತೂ ಹಂಗೇ ಹೋದೆ. ಕೆಟ್ಟಿದ್ದು ಕಿವಿ, ಮಡಿಲಲ್ಲ. ಇದು ಖಂಡಿತ.”

ನೆರೆಯ ಹೆಂಗಸೊಬ್ಬಳು “ಅಯ್ಯೋ ಶಿವನೇ, ಕಿವುಡಜ್ಜಿ ಕೈಲಿ ಕಾಯಿ ಕೇಳ್ಸವ್ರೆ” ಎಂದು ಸೆರಗು ಬಾಯಿಗಿಟ್ಟುಕೊಂಡು ನಕ್ಕಳು. ಇನ್ನೊಬ್ಬಳೂ ನಕ್ಕಳು. ಅಜ್ಜಿಗೆ ನಗು ಕೇಳಿಸದಿದ್ದರೂ ಕಾಣಿಸಿತು. ಅವಳು ಅಲ್ಲಾಡಲಿಲ್ಲ. ನಾನು ಅವಳ ಸೆರಗಿನ ಮರೆಯಲ್ಲಿ ಎಡಗೈ ಹಿಡಿದುಕೊಂಡು ನಿಂತಿದ್ದೆ. ಕೇಳಿದವಳು ನಾನು ಎಂದು ಹೇಳಬಹುದಿತ್ತು, ಹೇಳಲಿಲ್ಲ.

ಅತ್ತೆ ನಗಲಿಲ್ಲ.  ಮೊರ ಪಕ್ಕಕ್ಕಿಟ್ಟು, ಪಾರ್ವತಕ್ಕನ ಕಡೆ ತಿರುಗಿ, “ಬಿಸ್ಲಾಗ್ ಯಾಕ್ ನಿಂತಿದೀಯ, ಕಾಲು ತೊಳ್ಕೊಂಡು ಒಳಗೆ ಹೋಗು. ದೊಡ್ಡೋರಿಗೆ ಮಜ್ಜಿಗೆ ತಾ” ಎಂದರು. ಕೊಟ್ಟಿಗೆಯ ಬಾಗಿಲಲ್ಲಿದ್ದ ಗಂಡ ಬಂದು ಟ್ರಂಕು ಎತ್ತಿಕೊಂಡ.

ಊರಿಗೆ ಸುದ್ದಿ ನಮಗಿಂತ ಮೊದಲೇ ಬಂದಂತಿತ್ತು. ಆಮೇಲೆ ಅಜ್ಜಿಯನ್ನು ಯಾರೂ ಕರೆಯಲಿಲ್ಲ. ಕೆಳಗಿನ ಬೀದಿಯ ಹುಡುಗರು ಒಂದು ಕಾಯಿ ಹಿಡಿದು ಬಂದು, “ಸಿದ್ದಮ್ನೋರೆ, ಇದು ಹೆಂಗೈತೆ?” ಎಂದು ರೇಗಿಸುತ್ತಿದ್ದರು. “ನಿನ್ ತಲೇನೂ ತತ್ತಾರ್ಲಾ, ಎರಡೂ ಒಟ್ಟಿಗೇ ನೋಡ್ತೀನಿ” ಎನ್ನುತ್ತಿದ್ದಳು ಅಜ್ಜಿ. ಆದರೆ ಮಧ್ಯಾಹ್ನಗಳಲ್ಲಿ ಅವಳಿಗೆ ಏನು ಮಾಡುವುದೆಂದು ತೋಚುತ್ತಿರಲಿಲ್ಲ. ಕಂಬಕ್ಕೆ ಒರಗಿ ಕೈಗಳನ್ನು ಮಡಿಲಲ್ಲಿ ಅಂಗಾತ ಇಟ್ಟುಕೊಂಡು ಕೂರುತ್ತಿದ್ದಳು. ಆ ಕೈಗಳು ನನಗೆ ಚೆನ್ನಾಗಿ ನೆನಪಿವೆ.

ಆ ಮಳೆಗಾಲ ಕಳೆದ ಮೇಲೆ ಒಂದು ದಿನ ನನ್ನನ್ನು ನಮ್ಮ ಅಟ್ಟಕ್ಕೆ ಕರೆದುಕೊಂಡು ಹೋದಳು. ಒಂದು ಕಾಯಿ ಕೈಗೆ ಕೊಟ್ಟು, “ನೋಡು” ಎಂದಳು. ಅಲ್ಲಾಡಿಸಿದೆ. ಮಂದ ಸದ್ದು. ನಾಲ್ಕೈದು ಸಲ ಅಲ್ಲಾಡಿಸಿದೆ. ಅವಳು ನನ್ನ ತುಟಿಯನ್ನು ನೋಡುತ್ತಿದ್ದಳು.

“ಗೊತ್ತಾಗ್ತಿಲ್ಲಜ್ಜಿ” ಎಂದೆ.

“ಹೂಂ” ಎಂದಳು. ಕಾಯಿಯನ್ನು ತೆಗೆದುಕೊಂಡು ಇನ್ನೂ ಇಲ್ಲದ ರಾಶಿಗೆ ಹಾಕಿದಳು. “ಅದನ್ನ ಹೇಳೋದೇ ಕಷ್ಟ ಕಣ್ ಮಗ.” ಆಮೇಲೆ ಆ ವಿಷಯ ನಮ್ಮಿಬ್ಬರ ನಡುವೆ ಬರಲಿಲ್ಲ. ಅವಳಿಗೆ ಗೊತ್ತಿತ್ತೆಂದು ನಾನು ತಿಳಿದಿದ್ದೇನೆ. ಗೊತ್ತಿದ್ದೇ ಬಸ್ತಿಹಳ್ಳಿಯಲ್ಲಿ ನನ್ನ ಹೆಸರು ಎತ್ತಲಿಲ್ಲ ಎಂದೂ.

ಈಗ ನಮ್ಮೂರಿನಲ್ಲಿ ಅಟ್ಟವಿರುವ ಮನೆ ಎರಡೋ ಮೂರೋ. ಹೊಸ ಮನೆಗಳಿಗೆಲ್ಲ ತಾರಸಿ, ಕಾಯಿ ಇಳಿಸಿದ ಕೂಡಲೇ ಲಾರಿಗೆ. ಅಲ್ಲೊಂದು ಇಲ್ಲೊಂದು ಅಟ್ಟದಲ್ಲಿ ಕೊಬ್ಬರಿ ಮಾಡುವವರು ನಾಲ್ಕು ಕಾಯಿ ಒಡೆದು ನೋಡಿ, ಉಳಿದದ್ದನ್ನು ಅಂದಾಜಿನ ಮೇಲೆ ಸುಲಿಸುತ್ತಾರೆ. ಕೆಟ್ಟದ್ದು ಕೆಟ್ಟಿತು ಎನ್ನುತ್ತಾರೆ, ಅದರಿಂದ ಯಾರ ಮನೆಯೂ ಮುರಿಯುವುದಿಲ್ಲ. ಅದು ಒಳ್ಳೆಯದೇ. ‘ಖಂಡಿತ’ ಮಾತ್ರ ಎಲ್ಲೆಡೆ ಸಿಗುತ್ತದೆ. ಲಗ್ನಪತ್ರಿಕೆ ಕೊಟ್ಟವರಿಗೆ ಖಂಡಿತ ಬರ್ತೀವಿ ಎನ್ನುತ್ತೇವೆ, ಬಾಗಿಲು ಹಾಕಿಕೊಂಡ ಮೇಲೆ ಹೋಗುವುದೋ ಬೇಡವೋ ಎಂದು ಯೋಚಿಸುತ್ತೇವೆ. ನಾನೂ ಹಾಗೆ ಹೇಳಿದ್ದೇನೆ.

ನಾಲ್ಕು ವರ್ಷದ ಹಿಂದೆ ಬಸ್ತಿಹಳ್ಳಿಗೆ ಹೋಗಿ ಪಾರ್ವತಕ್ಕನನ್ನು ಕಂಡೆ. ಮೊಮ್ಮಕ್ಕಳ ಮದುವೆ ಮಾಡಿ ಮುಗಿಸಿ, ಅದೇ ಜಗುಲಿಯಲ್ಲಿ ಕೂತಿದ್ದಳು. ಆ ದಿನದ ಮಾತೆತ್ತಿದೆ. ಅಜ್ಜಿ ಬಂದದ್ದು, ಕಾಯಿ ತರಿಸಿದ್ದು, ಹೆಂಗಸರು ನಕ್ಕದ್ದು, ಎಲ್ಲ ಅವಳ ನೆನಪಿನಲ್ಲೂ ಹಾಗೆಯೇ ಇತ್ತು. ಐದನೇ ಕಾಯಿ ಕೇಳಿದವಳು ನಾನೇ ಎಂದು ಹೇಳಿ, ಅಲ್ಲಿ ಸುಮ್ಮನೆ ನಿಂತದ್ದನ್ನೂ ಹೇಳಿದೆ. ಅವಳು ಇಲ್ಲವೆಂದು ತಲೆಯಾಡಿಸಿದಳು.

“ನೀನೆಲ್ಲೇ ಬಂದಿದ್ದೆ ಗೌರಿ? ನಾವು ಮೂರೇ ಜನ. ನಮ್ಮಪ್ಪ, ನಿಮ್ಮಜ್ಜಿ, ನಾನು. ಆಮೇಲೆ ನಾನೇ ನಿಂಗೆ ಎಷ್ಟು ಸಲ ಹೇಳಿದೀನಿ ಆ ಕತೆಯ.”

ವಾದ ಮಾಡಲಿಲ್ಲ. ಬಸದಿಯ ಕಂಬದಲ್ಲಿ ಮುಖ ಕಂಡದ್ದು ಮುಂದೆ ಸ್ಕೂಲಿನ ಪ್ರವಾಸದಲ್ಲಿ ಇರಬಹುದು. ಹಸಿರು ಸೀರೆಯನ್ನು ಯಾವುದೋ ಇನ್ನೊಂದು ದಿನದಿಂದ ತಂದಿರಬಹುದು. ಅಜ್ಜಿಯ ಕೈ ಹಿಡಿದು ನಿಂತು ಸುಮ್ಮನಿದ್ದೆ ಎಂದು ಇಷ್ಟು ವರ್ಷ ನಾಚಿಕೆಪಟ್ಟ ಜಾಗದಲ್ಲಿ ನಾನು ಇರಲೇ ಇಲ್ಲದಿರಬಹುದು. ಹಾಗೆಂದರೆ ಅಜ್ಜಿ ಅಲ್ಲಿ ಹಿಡಿದುಕೊಳ್ಳಲು ಒಂದು ಕೈಯೂ ಇಲ್ಲದೆ ನಿಂತಿದ್ದಳು.

ಅಟ್ಟದ ಮೇಲೆ ನಾನಿದ್ದೆ. ಆ ಐದನೇ ಕಾಯಿಯ ಸದ್ದು ಮಂದವಾಗಿತ್ತು, ಅದು ನನಗೆ ಕೇಳಿಸಿತು, ಆದರೂ ಆ ಮಾತು ಆಡಿದೆ. ಇಷ್ಟು ಮಾತ್ರ ಖಂಡಿತ.